ಅಳತೆಯಕ್ಕ ಮತ್ತು ಮರದ ಅಚ್ಚು

ಅಳತೆಯಕ್ಕ ಪಾಸು ಮಾಡಿದ ಚೀಲ ಒಮ್ಮೆಯೂ ವಾಪಸು ಬಂದದ್ದಿಲ್ಲ. ಈ ಮಾತನ್ನು ಹೊಲಿಗೆ ಕಾರ್ಖಾನೆಯಲ್ಲಿ ಎಲ್ಲರೂ ಹೇಳುತ್ತಿದ್ದರು. ಯಾರೂ ಹೇಳದ ದಿನ ಅವಳೇ ಹೇಳಿಕೊಳ್ಳುತ್ತಿದ್ದಳು. ಮೂರನೇ ಮಹಡಿಯ ಪರೀಕ್ಷೆ ಕೋಣೆಯಲ್ಲಿ ಇಪ್ಪತ್ತಮೂರು ವರ್ಷ ಒಂದೇ ಕುರ್ಚಿಯಲ್ಲಿ ಕೂತವಳಿಗೆ ಅಷ್ಟು ಜಂಬವೂ ಬೇಡವೆಂದರೆ ಹೇಗೆ?

ಅಲ್ಲಿ ಹೊಲಿಯುತ್ತಿದ್ದದ್ದು ಸೈನಿಕರ ಸಾಮಾನು. ಅವಳ ಮೇಜಿಗೆ ಬರುತ್ತಿದ್ದದ್ದು ಅದರಲ್ಲಿ ಒಂದೇ ಒಂದು, ಬಂದೂಕಿನ ಮ್ಯಾಗಜೀನ್ ಇಡುವ ಚೀಲ. ಮ್ಯಾಗಜೀನ್ ಎಂದರೆ ಗುಂಡುಗಳನ್ನು ಸಾಲಾಗಿ ತುಂಬಿದ ಉಕ್ಕಿನ ಡಬ್ಬಿ. ಒಂದು ಖಾಲಿಯಾದರೆ ಸೈನಿಕ ಎದೆಯ ಮೇಲಿನ ಚೀಲದಿಂದ ಇನ್ನೊಂದನ್ನು ಎಳೆದು ಬಂದೂಕಿಗೆ ಸಿಕ್ಕಿಸಬೇಕು. ಪ್ರತಿ ನೂರು ಚೀಲಕ್ಕೆ ಐದನ್ನು ಅವಳು ಆರಿಸಿಕೊಳ್ಳುವಳು. ಮರದ ಅಚ್ಚನ್ನು ಒಳಗೆ ತೂರಿಸಿ, ಮುಚ್ಚಳ ತೆರೆದೇ ಇಟ್ಟು, ಚೀಲವನ್ನು ತಲೆಕೆಳಗು ಮಾಡಿ ಹತ್ತು ಸಲ ಕೊಡವುವಳು. ಅಚ್ಚು ಬೀಳಬಾರದು. ಆಮೇಲೆ ಎಡಗೈಯೊಂದರಿಂದಲೇ ಎಳೆಯುವಳು; ಎರಡು ಎಣಿಸುವುದರೊಳಗೆ ಹೊರಗೆ ಬರಬೇಕು. ಬಕೆಟ್ಟಿನ ನೀರಿನಲ್ಲಿ ಅದ್ದಿ ಮತ್ತೊಮ್ಮೆ ಅದೇ ಆಟ. ಐದೂ ಗೆದ್ದರೆ ನೂರಕ್ಕೂ ಮುಚ್ಚಳದ ಒಳಗೆ ಅಳಿಸಲಾಗದ ಮಸಿಯಲ್ಲಿ ಏಳನೇ ನಂಬರಿನ ಮುದ್ರೆ. ಏಳು ಎಂದರೆ ಅವಳೇ.

ನಿಜವಾದ ಮ್ಯಾಗಜೀನ್ ಆಯುಧದ ಭಾಗ, ಅದನ್ನು ಕಾರ್ಖಾನೆಯ ಬಾಗಿಲೊಳಗೆ ತರುವಂತಿರಲಿಲ್ಲ. ಅದಕ್ಕಾಗಿ ಅದೇ ಅಳತೆಯ ಮರದ ಅಚ್ಚೊಂದನ್ನು ಅವಳು ಕೆಲಸಕ್ಕೆ ಸೇರಿದ ವಾರ ಸೈನ್ಯದ ಕಚೇರಿಯವರು ಕಳಿಸಿಕೊಟ್ಟಿದ್ದರು. ಮರ ಎಂದ ಮೇಲೆ ಸಿಬಿರು ಏಳುತ್ತದೆ, ಸಿಬಿರು ಎದ್ದರೆ ಬಟ್ಟೆಯ ಎಳೆ ಕಿತ್ತುಬರುತ್ತದೆ. ಹಾಗಾಗಿ ತಿಂಗಳಿಗೊಮ್ಮೆ ಅವಳು ಅದನ್ನು ಉಪ್ಪುಕಾಗದದಿಂದ ನಯವಾಗಿ ಉಜ್ಜಿ, ಎಣ್ಣೆ ಸವರಿ, ಬಟ್ಟೆ ಸುತ್ತಿ ಡ್ರಾಯರಿನಲ್ಲಿ ಮಲಗಿಸುತ್ತಿದ್ದಳು. “ಹೆತ್ತ ಕೂಸಿಗೂ ಇಷ್ಟು ಎಣ್ಣೆ ಹಚ್ಚೋರಿಲ್ಲ ಬಿಡಿ” ಎಂದು ಕಟಿಂಗ್ ಮಾಸ್ತರ ಕಾಲೆಳೆಯುತ್ತಿದ್ದ.

ಅವಳಿಗೆ ಹೆತ್ತ ಕೂಸು ಇರಲಿಲ್ಲ. ಎಣ್ಣೆ ಹಚ್ಚಿ ಬೆಳೆಸಿದ್ದು ತಮ್ಮನನ್ನು. ಅಪ್ಪ ಅಮ್ಮ ಒಬ್ಬರ ಹಿಂದೊಬ್ಬರು ಹೋದಾಗ ಅವನಿಗೆ ಎಂಟು ವರ್ಷ, ಇವಳಿಗೆ ಇಪ್ಪತ್ತಾರು. ಅವನ ಶಾಲೆಗೆಂದೇ ಈ ಕಾರ್ಖಾನೆ ಸೇರಿದಳು, ಅವನಿಗೆಂದೇ ಬಂದ ಎರಡು ಸಂಬಂಧ ಬೇಡವೆಂದಳು. ಅವನೋ ದೊಡ್ಡವನಾಗಿ ಸೈನ್ಯ ಸೇರಿದ. ಮೂರು ದಿನ ಅತ್ತು, ನಾಲ್ಕನೇ ದಿನದಿಂದ ಬೀದಿಯವರಿಗೆಲ್ಲ ಅವನ ಸಮವಸ್ತ್ರದ ಫೋಟೋ ತೋರಿಸುತ್ತ ತಿರುಗಿದಳು.

ಒಂದು ಶನಿವಾರ ಅವನ ಫೋನ್ ಬಂತು. “ಅಕ್ಕ, ಗುರುವಾರ ಬೆಳಗ್ಗೆ ಹೊರಡ್ತಿದೀವಿ. ನಾಳೆ ಬಂದು ನೋಡ್ಕೊಂಡು ಹೋಗು.” ಎಲ್ಲಿಗೆ ಎಂದು ಅವಳು ಕೇಳಲಿಲ್ಲ. ಹದಿನೈದು ದಿನಗಳಿಂದ ಸುದ್ದಿಯಲ್ಲಿ ಬರುತ್ತಿದ್ದದ್ದು ಗಡಿಯ ಗುಂಡಿನ ಮಾತೊಂದೇ.

ಶಿಬಿರದ ಗೇಟಿನ ಪಕ್ಕದಲ್ಲಿ ಬಂದವರನ್ನು ಕೂರಿಸುವ ತಗಡಿನ ಮಾಡಿನ ಕೋಣೆ. ತಮ್ಮ ಕವಾಯತು ಮುಗಿಸಿ ಎದೆಯ ಮೇಲಿನ ಸರಂಜಾಮನ್ನೂ ಬಿಚ್ಚದೆ ಓಡಿಬಂದ. ಜೊತೆಗೆ ಅವನ ಪಕ್ಕದ ಮಂಚದ ಗೆಳೆಯ, ಬಡಕಲು ಮೈಯವನು, ಮಾತಿಗೆ ಬರವಿಲ್ಲದವನು. ಅಳತೆಯಕ್ಕನ ಕಣ್ಣು ಮೊದಲು ಹೋದದ್ದು ತಮ್ಮನ ಮುಖಕ್ಕಲ್ಲ, ಅವನ ಎದೆಯ ಚೀಲಕ್ಕೆ. ಮುಚ್ಚಳ ಎತ್ತಿ ನೋಡಿದಳು.

“ಇದು ನನ್ನ ಮುದ್ರೆ ಕಣೋ.”

“ಗೊತ್ತಕ್ಕ.”

“ಗೊತ್ತಿದ್ದೂ ಒಂದು ಮಾತು ಹೇಳ್ಲಿಲ್ವಲ್ಲೋ. ಅಕ್ಕನ ಚೀಲ ಚೆನ್ನಾಗಿದೆ ಅಂದ್ರೆ ಬಾಯಿ ಸವೆದುಹೋಗ್ತಿತ್ತಾ?”

ಬಡಕಲು ಗೆಳೆಯ ನಡುವೆ ಬಾಯಿ ಹಾಕಿದ. “ಇದಾ ಅಕ್ಕ? ಇದಕ್ಕೆ ನಾವು ಅತ್ತೆ ಮುಷ್ಟಿ ಅಂತೀವಿ. ಒಳಗೆ ಹೋದದ್ದು ಹೊರಗೆ ಬರೋ ಮಾತೇ ಇಲ್ಲ.”

ತಮ್ಮ ಅವನ ಕಾಲು ತುಳಿದ. ತುಳಿದದ್ದು ಅವಳಿಗೆ ಕಂಡಿತು.

“ಒಳಗೆ ಮ್ಯಾಗಜೀನ್ ಇದೆಯಾ?”

“ಖಾಲೀದು. ಅಕ್ಕ, ಅವನ ಮಾತು ಬಿಡು, ಊಟಕ್ಕೆ ಉಪ್ಪಿಲ್ಲ ಅಂದ್ರೂ ಅತ್ತೇನೇ ಬೈಯ್ತಾನೆ.”

“ಸುಮ್ನೆ ನಿಂತ್ಕೋ.”

ಅವಳು ಎಡಗೈ ಹಾಕಿ ಎಳೆದಳು. ಒಂದು, ಎರಡು. ಮೂರು, ನಾಲ್ಕು. ತಮ್ಮನ ಅಂಗಿಯೇ ಎಳೆತಕ್ಕೆ ಮುಂದೆ ಬಂತು, ಮ್ಯಾಗಜೀನ್ ಬರಲಿಲ್ಲ. ಬಲಗೈಯಲ್ಲಿ ಚೀಲವನ್ನು ಅದುಮಿ ಹಿಡಿದಾಗ ಒಂಬತ್ತನೇ ಎಣಿಕೆಗೆ ಕಿತ್ತುಕೊಂಡು ಬಂತು. ಇಪ್ಪತ್ತಮೂರು ವರ್ಷದಲ್ಲಿ ಮೊದಲ ಸಲ ನಿಜವಾದ ಮ್ಯಾಗಜೀನ್ ಅವಳ ಕೈಯಲ್ಲಿತ್ತು. ಅಂಚು ಚೂಪು, ಮೈಮೇಲೆ ಉಬ್ಬು ಗೆರೆಗಳು. ಬ್ಯಾಗಿನಿಂದ ಟೇಪು ತೆಗೆದು ಅಳೆದಳು. ದಪ್ಪ ಇಪ್ಪತ್ತೆಂಟು ಮಿಲಿಮೀಟರು.

“ಎಲ್ಲರದ್ದೂ ಹೀಗೇನಾ?”

“ಈಚೆಗೆ ಬಂದಿದ್ದೆಲ್ಲ ಹೀಗೇ. ಹಳೇದು ಚೆನ್ನಾಗಿತ್ತು” ಎಂದ ತಮ್ಮ.

“ಮೊದ್ಲೇ ಯಾಕೋ ಹೇಳ್ಲಿಲ್ಲ?”

“ನಿನ್ನ ಕೆಲಸಕ್ಕೆ ಕುತ್ತು ಬರುತ್ತೆ ಅಂತ.” ಅವನು ನೆಲ ನೋಡಿದ. “ನಾವೇ ಬಿಚ್ಚಿ ಹೊಲ್ಕೊಳ್ಳೋ ಹಾಗಿಲ್ಲ, ಸರ್ಕಾರದ ಸಾಮಾನು. ಅಭ್ಯಾಸ ಆಗುತ್ತೆ ಬಿಡಕ್ಕ.”

ಸೋಮವಾರ ಬೆಳಗ್ಗೆ ಕೋಣೆಯ ಬೀಗ ತೆಗೆದವಳೇ ಮರದ ಅಚ್ಚನ್ನು ಅಳೆದಳು. ಇಪ್ಪತ್ತೈದೂವರೆ. ಟೇಪು ತಪ್ಪಿರಬೇಕೆಂದು ಉಕ್ಕಿನ ಅಳತೆಪಟ್ಟಿ ತಂದಳು. ಅದೂ ಇಪ್ಪತ್ತೈದೂವರೆಯೇ ಅಂದಿತು. ಎರಡೂವರೆ ಮಿಲಿಮೀಟರು ಎಲ್ಲಿ ಹೋಯಿತೆಂದು ಯಾರನ್ನೂ ಕೇಳಬೇಕಿರಲಿಲ್ಲ. ತಿಂಗಳಿಗೊಮ್ಮೆ ಉಜ್ಜಿ ಉಜ್ಜಿ ಅದನ್ನು ಧೂಳು ಮಾಡಿ ಊದಿದ್ದು ಅವಳೇ.

ಅಷ್ಟೇ ಆಗಿದ್ದರೆ ಚೀಲಗಳಾದರೂ ನೆಟ್ಟಗಿರುತ್ತಿದ್ದವು. ಅಚ್ಚು ಸಣ್ಣದಾಗುತ್ತ ಬಂದ ಹಾಗೆ ಕೊಡವಿದಾಗ ಜಾರಿ ಬೀಳತೊಡಗಿತ್ತು. ಆಗೆಲ್ಲ ಅವಳು ‘ಸಡಿಲ’ ಎಂದು ಚೀಟಿ ಬರೆದು ಕೆಳಗೆ ಕಳಿಸುತ್ತಿದ್ದಳು. ಕಟಿಂಗ್ ಮಾಸ್ತರ ಗೊಣಗುತ್ತ ಒಂದೆಳೆ ಒಳಗೆ ಕತ್ತರಿಸುತ್ತಿದ್ದ. ಮುಂದಿನ ವರ್ಷ ಮತ್ತೊಂದು ಚೀಟಿ, ಮತ್ತೊಂದೆಳೆ. ಒಳ್ಳೆಯ ಚೀಲವನ್ನು ಬೇಡವೆಂದವಳು ಅವಳು, ಕೆಟ್ಟದ್ದಕ್ಕೆ ಮುದ್ರೆ ಒತ್ತಿದವಳೂ ಅವಳು. ಬೇಲಿಯೇ ಎದ್ದು ಹೊಲ ಮೇಯ್ದಿತ್ತು. ಅದೂ ಎಷ್ಟು ಶ್ರದ್ಧೆಯಿಂದ ಮೇಯ್ದಿತ್ತೆಂದರೆ, ವರ್ಷಕ್ಕೊಮ್ಮೆ ಬೇಲಿಗೆ ಬಹುಮಾನ ಬೇರೆ ಕೊಡುತ್ತಿದ್ದರು.

ಅಚ್ಚಿಗೆ ಅಂಟುಟೇಪು ಸುತ್ತಿ ಇಪ್ಪತ್ತೆಂಟಕ್ಕೆ ತಂದಳು. ಅಂದಿನ ಸರಕಿನಿಂದ ಐದಲ್ಲ, ಐವತ್ತು ಚೀಲ ತೆಗೆದು ಎಳೆದು ನೋಡಿದಳು. ಐವತ್ತರಲ್ಲಿ ಒಂದೂ ಪಾಸಾಗಲಿಲ್ಲ. ಎಡಗೈಯ ಬೆರಳು ಕೆಂಪಾಗಿ ಊದಿಕೊಂಡಿತು. ಆ ಅಚ್ಚನ್ನೂ ಒಂದು ಚೀಲವನ್ನೂ ಹಿಡಿದು ಮ್ಯಾನೇಜರನ ಕೋಣೆಗೆ ಹೋದಳು.

ಮ್ಯಾನೇಜರ ಹಾವೂ ಸಾಯಬಾರದು ಕೋಲೂ ಮುರಿಯಬಾರದು ಅನ್ನುವ ಜಾತಿಯವನು. ಎಲ್ಲ ಕೇಳಿಸಿಕೊಂಡ, ಚೀಲವನ್ನು ಮಾತ್ರ ಮುಟ್ಟಲಿಲ್ಲ.

“ಅಚ್ಚಿಗೆ ಟೇಪು ಸುತ್ತೋಕೆ ಯಾರು ಹೇಳಿದ್ರು ನಿಮಗೆ? ಅದು ಸೈನ್ಯದೋರು ಕೊಟ್ಟ ಅಚ್ಚು. ಅದನ್ನ ತಿದ್ದಿ ಮಾಡಿದ ಪರೀಕ್ಷೆ ಪರೀಕ್ಷೇನೇ ಅಲ್ಲ.”

“ಸಾರ್, ಅಚ್ಚೇ ಸವೆದಿದೆ. ತಪ್ಪು ನಂದು. ಬರ್ಕೊಡ್ತೀನಿ, ಸಹಿ ಹಾಕ್ತೀನಿ. ಹೋದ ಸರಕನ್ನ ವಾಪಸು ತರಿಸಿ.”

“ಹೊಸ ಅಚ್ಚಿಗೆ ಅರ್ಜಿ ಹಾಕೋಣ. ಮೂರು ತಿಂಗಳಲ್ಲಿ ಬರುತ್ತೆ.”

“ಗುರುವಾರ ಅವರೆಲ್ಲ ಹೊರಡ್ತಾರೆ ಸಾರ್.”

“ಅಕ್ಕ, ನೀವು ನಾಲ್ಕು ದಿನ ರಜಾ ತಗೊಳ್ಳಿ” ಎಂದ ಅವನು, ತುಂಬ ಮೃದುವಾಗಿ. ಅವನು ಬೈದಿದ್ದರೇ ಚೆನ್ನಾಗಿತ್ತು.

ಮಂಗಳವಾರ ಅವಳು ಸೈನ್ಯದ ಉಗ್ರಾಣಕ್ಕೆ ಫೋನ್ ಮಾಡಿದಳು. ಐದು ಕಡೆ ತಿರುಗಿಸಿದ ಮೇಲೆ ಸಿಕ್ಕ ಗುಮಾಸ್ತ ದೂರಿಗೆ ಪರೀಕ್ಷಕರ ವರದಿ ಬೇಕೆಂದ. ಕಡತ ತೆರೆದು, ಈ ಸರಕನ್ನು ಏಳನೇ ನಂಬರಿನವರು ಪಾಸು ಮಾಡಿದ್ದಾರೆ ಎಂದೂ ಓದಿದ.

“ಆ ಏಳು ನಾನೇ.”

“ಮತ್ತೆ ನೀವೇ ಪಾಸು ಮಾಡಿದೀರಲ್ಲ, ಇನ್ನೇನು ತೊಂದ್ರೆ?”

ಅವಳಿಗೆ ನಗು ಬರಲಿಲ್ಲ. ಬುಧವಾರ ಅದೇ ಉಗ್ರಾಣದ ಬಾಗಿಲಿಗೇ ಹೋಗಿ, ಬೆಳಗಿನಿಂದ ಸಂಜೆಯವರೆಗೆ ಕಿಟಕಿಯ ಮುಂದೆ ನಿಂತಳು. ಮೇಲಿನವರು ಸಭೆಯಲ್ಲಿದ್ದಾರೆ ಅಂದರು, ಊಟಕ್ಕೆ ಹೋಗಿದ್ದಾರೆ ಅಂದರು, ನಾಳೆ ಬನ್ನಿ ಅಂದರು. ನಾಳೆ ಎಂದರೆ ಗುರುವಾರ. ಕಂಡ ಕಂಡ ಬಾಗಿಲಿಗೆ ಹಣೆ ಚಚ್ಚಿಕೊಂಡರೆ ಬಾಗಿಲಿಗೇನು ನೋವು? ಮನೆಗೆ ಬಂದು, ಮ್ಯಾನೇಜರನ ಕೋಣೆಯಿಂದ ಅಚ್ಚಿನೊಂದಿಗೆ ತಂದುಕೊಂಡಿದ್ದ ಆ ಒಂದು ಚೀಲವನ್ನು ತೊಡೆಯ ಮೇಲಿಟ್ಟು ಹೊಲಿಗೆ ನೋಡಿದಳು. ಪಕ್ಕದ ಅಂಚಿಗೆ ಎರಡು ಸಾಲು ಹೊಲಿಗೆಯಿತ್ತು, ಒಳಗೊಂದು, ಹೊರಗೊಂದು. ಒಳಸಾಲನ್ನು ಬಿಚ್ಚಿದಳು. ಟೇಪು ಸುತ್ತಿದ ಅಚ್ಚು ಎರಡನೇ ಎಣಿಕೆಗೆ ಹೊರಗೆ ಬಂತು.

ಗುರುವಾರ ಏಳಕ್ಕೆಲ್ಲ ಅವಳು ಶಿಬಿರದ ಗೇಟಿನಲ್ಲಿದ್ದಳು, ಕೈಯಲ್ಲಿ ಹೊಲಿಗೆ ಬಿಚ್ಚುವ ಕೊಕ್ಕೆ. ಲಾರಿಗಳು ಸಾಲಾಗಿ ನಿಂತಿದ್ದವು. ಒಂಬತ್ತಕ್ಕೆ ಹೊರಡುವುದೆಂದು ಕಾವಲಿನವನು ಹೇಳಿದ. ಹೊರಟವರನ್ನು ಬೀಳ್ಕೊಡಲು ಬಿಟ್ಟ ಅಷ್ಟು ಹೊತ್ತಿನಲ್ಲಿ ಉಳಿದ ಮನೆಯವರೆಲ್ಲ ತಬ್ಬಿಕೊಂಡು ಅಳುತ್ತಿದ್ದರೆ, ಇವಳು ತಮ್ಮನನ್ನು ಕಂಡೊಡನೆ ಕೈ ಚಾಚಿದಳು. “ಬಿಚ್ಚೋ ಚೀಲಾನ. ಎರಡು ನಿಮಿಷದ ಕೆಲಸ.”

ತಮ್ಮ ಬಿಚ್ಚಲಿಲ್ಲ. ಬಡಕಲು ಗೆಳೆಯನ ಚೀಲಗಳನ್ನು ಬಿಚ್ಚಿಸಿ ಅವಳ ಮಡಿಲಿಗೆ ಹಾಕಿದ. “ಮೊದ್ಲು ಇವನದು ಮಾಡು. ಬಾಯಿ ಹರಿಬಿಟ್ಟು ನಿನ್ನ ನಿದ್ದೆ ಕೆಡಿಸಿದ್ದಾನಲ್ಲ.”

ಅವಳು ಕಲ್ಲಿನ ಮೇಲೆ ಕೂತು ಕೊಕ್ಕೆ ಹಾಕಿದಳು. ಟರ್ರನೆ ಎಳೆ ಕಿತ್ತುಬಂತು. ಗೆಳೆಯ ಮ್ಯಾಗಜೀನ್ ಹಾಕಿದ, ಎಳೆದ, ಮತ್ತೆ ಹಾಕಿದ, ಮತ್ತೆ ಎಳೆದ. ಅವನ ಮುಖ ನೋಡಿ ಇನ್ನೊಬ್ಬ ಬಂದ, ಅವನ ಹಿಂದೆ ಮತ್ತೊಬ್ಬ. ನೋಡುನೋಡುತ್ತ ಸಾಲೇ ಆಯಿತು. ದಳದ ಅಧಿಕಾರಿಯೊಬ್ಬ ಹತ್ತಿರ ಬಂದು ನಿಂತು, ಒಂದು ಚೀಲ ಎತ್ತಿ ಎಳೆದು ನೋಡಿ, ಏನೂ ಕಾಣದವನಂತೆ ಆ ಕಡೆ ತಿರುಗಿ ಸಿಗರೇಟು ಹಚ್ಚಿದ.

“ನಿಂದು ಕೊಡೋ” ಎಂದು ಅವಳು ನಡುವೆ ತಲೆಯೆತ್ತಿದಳು.

“ಇವರದು ಆಗ್ಲಿ. ನನಗಾದ್ರೆ ಅಕ್ಕ ಇದಾಳೆ.”

ಅವಳು ಇವರದು ಮಾಡಲಾರೆ ಎನ್ನಬಹುದಿತ್ತು. ಆದರೆ ಮುಂದೆ ನಿಂತವರೆಲ್ಲ ತಮ್ಮನಿಗಿಂತ ಚಿಕ್ಕವರು, ಗಡ್ಡ ಸರಿಯಾಗಿ ಬಾರದವರು. ಪ್ರತಿ ಮುಚ್ಚಳ ಎತ್ತಿದಾಗಲೂ ಏಳು, ಏಳು, ಏಳು. ಒಬ್ಬನಿಗೂ ಆಚೆ ಸರಿ ಎನ್ನಲು ಅವಳಿಗೆ ಬಾಯಿ ಬರಲಿಲ್ಲ. ಇನ್ನೂ ಹೊತ್ತಿದೆ, ಒಂಬತ್ತಕ್ಕಲ್ಲವೇ, ಕೊನೆಯದು ಅವನದೇ ಎಂದುಕೊಳ್ಳುತ್ತ ಕೊಕ್ಕೆ ಓಡಿಸಿದಳು. ಬೆರಳು ಕುಯ್ದುಹೋಯಿತು, ಒರೆಸಿಕೊಂಡು ಮುಂದುವರಿದಳು.

ಎಂಟೂವರೆಗೇ ಸೀಟಿ ಊದಿದರು.

ಮಡಿಲಿನಲ್ಲಿದ್ದ ಚೀಲವನ್ನು ಅದರ ಒಡೆಯ ಅರ್ಧ ಬಿಚ್ಚಿದ್ದಂತೆಯೇ ಕಿತ್ತುಕೊಂಡು ಓಡಿದ. ಎಲ್ಲರೂ ಓಡಿದರು. ಅವಳು ಎದ್ದು ತಮ್ಮನನ್ನು ಹುಡುಕಿದಳು. ಅವನು ಆಗಲೇ ಎರಡನೇ ಲಾರಿಯ ಹಿಂಬದಿಗೆ ಹತ್ತಿದ್ದ. ಎದೆಯ ಮೇಲೆ ಎರಡು ಚೀಲಗಳೂ ಬಿಗಿಯಾಗಿ, ಮುಟ್ಟದೆ, ಇದ್ದ ಹಾಗೇ ಇದ್ದವು.

“ಕೆಳಗಿಳಿಯೋ. ಒಂದೇ ಒಂದು ನಿಮಿಷ ಇಳಿಯೋ.”

ಲಾರಿ ಹೊರಟಿತು. ಅವಳು ಪಕ್ಕದಲ್ಲೇ ಓಡಿದಳು, ಚಪ್ಪಲಿ ಎಲ್ಲಿ ಬಿತ್ತೋ ತಿಳಿಯಲಿಲ್ಲ. ಹೇಳಲು ಬೇರೇನೂ ಉಳಿದಿರಲಿಲ್ಲ. ಇಪ್ಪತ್ತಮೂರು ವರ್ಷ ಪರೀಕ್ಷೆ ಮಾಡಿದ ಯಾರೂ ಹೇಳಬಾರದ ಮಾತನ್ನು ಅವಳು ಹೇಳಿದಳು. “ಎರಡೂ ಕೈ ಹಾಕೋ, ಕೇಳಿಸ್ತಾ? ಒಂದು ಕೈಲಿ ಚೀಲ ಹಿಡ್ಕೊ, ಇನ್ನೊಂದು ಕೈಲಿ ಎಳಿ. ಆಗ ಬರುತ್ತೆ ಕಣೋ.”

ತಮ್ಮ ಹಲಗೆಯ ಮೇಲಿಂದ ಬಾಗಿದ. ಏನೂ ಅರಿಯದ ಮಗುವಿಗೆ ಹೇಳುವಂತೆ, ನೋವಾಗದ ಹಾಗೆ, ನಗುತ್ತಲೇ ಹೇಳಿದ.

“ಒಂದು ಕೈಲಿ ಬಂದೂಕು ಇರುತ್ತಲ್ಲಕ್ಕ.”