ಮೂರು ತಲೆಮಾರಿನ ಹುಳಿ

ಮಿಲ್ಪಿಟಾಸಿನ ಲ್ಯಾಬೊಂದರಲ್ಲಿ ಮುಖದ ಕ್ರೀಮುಗಳಿಗೆ ಹೈಡ್ರಾಕ್ಸಿ ಆಮ್ಲ ಬೆರೆಸುವುದು ನನ್ನ ಹೊಟ್ಟೆಪಾಡು. ಹೆಸರು ಕೇಳಿ ಹೆದರಬೇಕಿಲ್ಲ. ಮೊಸರು, ನಿಂಬೆ, ಹುಣಸೆಯ ಹುಳಿಯೆಲ್ಲ ಅದೇ ಮನೆತನದ್ದು. ಸತ್ತ ಚರ್ಮದ ಅಂಟು ಬಿಡಿಸುವುದು ಇವುಗಳ ಹುಟ್ಟುಗುಣ. ಮಿತವಾಗಿದ್ದರೆ ಮುಖ ಹೊಳೆಯುತ್ತದೆ, ಅತಿಯಾದರೆ ಉರಿಯುತ್ತದೆ.

ಇಷ್ಟೆಲ್ಲ ಗೊತ್ತಿದ್ದವಳ ಮನೆಯಲ್ಲೇ ಎಡವಟ್ಟಾಯಿತು. ಶನಿವಾರ ಮಗಳ ರಂಗಪ್ರವೇಶ. ಅದನ್ನು ನೋಡಲೆಂದೇ ಮಂಡ್ಯದಿಂದ ಅಮ್ಮ ಸಮುದ್ರ ದಾಟಿ ಬಂದಿದ್ದಳು. ಗುರುವಾರ ಆಫೀಸಿಗೆ ಹೊರಡುವ ಮುಂಚೆ ಮಗಳ ಮುಖಕ್ಕೆ ಲ್ಯಾಬಿನ ಕ್ರೀಮು ಸವರಿದೆ. ಅವಳು ಆಗಲೇ ಯಾವುದೋ ಗ್ಲೈಕಾಲಿಕ್ ಸೀರಮ್ ಹಚ್ಚಿಕೊಂಡಿದ್ದಳು. ಮಧ್ಯಾಹ್ನ ಅಮ್ಮ ಮೊಸರು, ನಿಂಬೆರಸ, ಕಡಲೆಹಿಟ್ಟು ಕಲಸಿ ಮೊಮ್ಮಗಳಿಗೆ ಮೆತ್ತಿ, ಒಣಗಿದ ಮೇಲೆ ತಿಕ್ಕಿ ತೊಳೆದಳು. ಯಾರೂ ಯಾರಿಗೂ ಹೇಳಿರಲಿಲ್ಲ.

ಸಂಜೆ ಬಂದು ನೋಡಿದರೆ ಹುಡುಗಿಯ ಮುಖ ಟೊಮೇಟೊ.

"ಇಟ್ಸ್ ಬರ್ನಿಂಗ್, ಅಮ್ಮಾ! ಹೌ ವಿಲ್ ಐ ಡ್ಯಾನ್ಸ್?"

"ಆ ಸೀರಮ್ಮಲ್ಲಿರೋದು ಕಬ್ಬಲ್ಲಿರೋ ಆಸಿಡ್ಡು ಕಣಮ್ಮಾ. ಅದ್ರ ಮೇಲೆ ನಿಂಬೆಹಣ್ಣಾ?" ಎಂದು ಅಮ್ಮನ ಮೇಲೆ ರೇಗಿದೆ.

"ಕಬ್ಬು ತಿಂದ್ಕೊಂಡೇ ಬೆಳ್ದೋಳು ಕಣವ್ವ ನಾನು. ಯಾವತ್ತಾರ ಮಕ ಉರ್ದಿತ್ತಾ?" ಎಂದಳು ಅಮ್ಮ. ದನಿಯಲ್ಲಿ ಎಂದಿನ ಜೋರಿರಲಿಲ್ಲ.

ಆಮೇಲೆ ತಣ್ಣೀರಿನ ಬಟ್ಟೆಯೊಂದನ್ನು ಬಿಟ್ಟು ಆ ಮುಖಕ್ಕೆ ಏನನ್ನೂ ಸೋಕಿಸಲಿಲ್ಲ. ಶನಿವಾರದ ಹೊತ್ತಿಗೆ ಕೆಂಪು ಇಳಿಯಿತು, ಆದರೆ ಮೇಕಪ್ಪು ತಾಗಿದರೆ ಚುರ್ ಎನ್ನುತ್ತಿತ್ತು. ಕೊನೆಗೆ ಕಾಡಿಗೆ, ಕುಂಕುಮದಲ್ಲೇ ವೇದಿಕೆ ಹತ್ತಿದಳು. ಅಮ್ಮ ಮಾತ್ರ ಮುಂದಿನ ಸಾಲಿಗೆ ಬರಲೊಲ್ಲೆ ಎಂದಳು.

"ಮಗೀನ್ ಮಕ ಕೆಡಿಸ್ದೋಳು ನಾನು. ಹಿಂದ್ಗಡೆನೇ ಕೂತ್ಕತೀನಿ ಬುಡು." ಅಷ್ಟು ದೂರ ಹಾರಿ ಬಂದವಳು ಮೊಮ್ಮಗಳ ನೃತ್ಯವನ್ನು ಕೊನೆಯ ಸಾಲಿನಿಂದ ನೋಡಿದಳು.

ಮಗಳು ಸೊಗಸಾಗಿ ಕುಣಿದಳು. ಚಪ್ಪಾಳೆ ಮುಗಿದದ್ದೇ ತಡ, ಡ್ಯಾನ್‌ವಿಲ್‌ನಿಂದ ಬಂದಿದ್ದ ಆಂಟಿಯೊಬ್ಬರು ಅವಳ ಗಲ್ಲ ಹಿಡಿದರು.

"ಮೇಕಪ್ಪೇ ಇಲ್ವಲ್ಲೇ! ಆದ್ರೂ ಎಷ್ಟ್ ಹೊಳೀತಿದೆ ಮುಖ! ಏನ್ ಹಚ್ಚಿದ್ದೆ?"

ಮಗಳು ಕೊನೆಯ ಸಾಲಿನತ್ತ ಕೈ ತೋರಿಸಿದಳು. "ಆಸ್ಕ್ ಮೈ ಅಜ್ಜಿ. ಇಟ್ಸ್ ಹರ್ ರೆಸಿಪಿ."

ಸೀರಮ್ಮಿನ ಸುದ್ದಿಯಿಲ್ಲ, ನನ್ನ ಕ್ರೀಮಿನ ಸುದ್ದಿಯಿಲ್ಲ. ಆ ಕ್ಷಣ ಮಗಳನ್ನು ಬಾಚಿ ತಬ್ಬಿಕೊಳ್ಳಬೇಕೆನ್ನಿಸಿತು. ಅಮ್ಮ ಎದ್ದಳು. ಸೆರಗು ಸರಿಮಾಡಿಕೊಂಡು, ಕಡಲೆಹಿಟ್ಟಿಗೆ ಎಷ್ಟು ಮೊಸರೆಂದು ಅಲ್ಲಿಂದಲೇ ಜೋರಾಗಿ ಹೇಳುತ್ತ ಮುಂದಿನ ಸಾಲಿಗೆ ಬಂದು ಕೂತಳು. ಕಲಿತ ರಸಾಯನಶಾಸ್ತ್ರವನ್ನೆಲ್ಲ ನುಂಗಿಕೊಂಡು ನಾನು ಹೂಂಗುಟ್ಟಿದೆ.