ಹೆಬ್ಬೆರಳ ಬುಡದ ಗುರುತು

ಆ ಸಿನಿಮಾಕ್ಕೆ ನನ್ನನ್ನು ಕರೆದದ್ದು ಸಹಾಯಕ ನಿರ್ದೇಶಕಿ ಎಂದು. ಮೊದಲ ವಾರ ಮುಗಿಯುವಷ್ಟರಲ್ಲಿ ಕಂಟಿನ್ಯುಟಿ ಪುಸ್ತಕವೂ ನನ್ನದಾಯಿತು. ಒಂದು ಶಾಟ್‌ನಲ್ಲಿದ್ದದ್ದು ಮುಂದಿನದರಲ್ಲೂ ಹಾಗೇ ಇದೆಯೇ ಎಂದು ನೋಡಿ ಬರೆಯುವ ಕೆಲಸ. ಬಟ್ಟೆಯವರು ಬಿಟ್ಟುಹೋದ ಮೇಲೆ ಸೀರೆಗಳ ಇಸ್ತ್ರಿಯೂ ಬಂತು. ನನಗೆ ಬೇಕಿದ್ದದ್ದು ಎಡಿಟಿಂಗ್. ಬೆಂಗಳೂರಿನ ಎಡಿಟರ್ ಒಬ್ಬರು ಸೋಮವಾರದಿಂದ ಬಾ ಎಂದಿದ್ದರು. ನಮ್ಮ ಚಿತ್ರೀಕರಣ ಶನಿವಾರ ಮುಗಿಯಬೇಕಿತ್ತು.

ರಾಮನಗರದಲ್ಲಿ, ರೇಷ್ಮೆ ನೂಲು ಬಿಚ್ಚುವ ಒಂದು ಮನೆಯಲ್ಲಿ ಕೆಲಸ ನಡೆದಿತ್ತು. ಬಿಸಿನೀರಿಗೆ ಕೈ ಹಾಕಲಾರೆ ಎಂದಳು ನಾಯಕಿ. ಬೆಂದ ಗೂಡಿನಿಂದ ಎಳೆ ಹಿಡಿಯುವುದನ್ನು ಮನೆಯೊಡತಿ ನನಗೆ ಕಲಿಸಿದ್ದರು. ಹಾಗಾಗಿ ಹತ್ತಿರದ ಶಾಟ್‌ಗಳಿಗೆಲ್ಲ ನನ್ನ ಕೈ. ಎರಡನೇ ದಿನ ಹೆಬ್ಬೆರಳ ಬುಡ ಸುಟ್ಟಿತು. ಸಂಜೆ ನಾನೇ ಪುಸ್ತಕದಲ್ಲಿ ಬರೆದೆ: ಬಲಗೈ, ಅಕ್ಕಿಕಾಳಿನಷ್ಟು ಗುರುತು, ಮುಂದಿನ ಎಲ್ಲ ಶಾಟ್‌ಗಳಲ್ಲೂ ಇರಬೇಕು. ಬೇರೆಯವರ ಕೈಯಾಗಿದ್ದರೂ ಹಾಗೇ ಬರೆಯುತ್ತಿದ್ದೆ.

ಶನಿವಾರ ಜನರೇಟರ್ ಕೆಟ್ಟು ನಾಲ್ಕು ಶಾಟ್ ಉಳಿದವು. ನಾನು ನಿರ್ದೇಶಕರಿಗೆ ಬೆಂಗಳೂರಿನ ವಿಷಯ ಹೇಳಿ, ಇವರ ಕೈಯನ್ನೇ ಶೂಟ್ ಮಾಡಬಹುದಲ್ಲ ಎಂದು ಒಡತಿಯನ್ನು ತೋರಿಸಿದೆ.

"ನಾನ್ ಹಾಕ್ತೀನಿ ಬುಡಿ ಸಾರ್," ಎಂದರು ಅವರು. "ಮೂವತ್ ವರ್ಷದಿಂದ ಇದೇ ನೀರಲ್ಲೈತೆ ಈ ಕೈ. ಈ ಮಗೀಗೆ ಇನ್ನೂ ಒಸಿ ಭಯ."

"ಅದಕ್ಕೇ ಕಣಮ್ಮ. ನಿಮ್ದು ನೋಡಿದ್ರೆ ನಾಯಕಿಗೆ ಅಜ್ಜಿ ಕೈ ಅಂಟಿಸ್ದಂಗಿರುತ್ತೆ," ಎಂದು ನಕ್ಕ ನಿರ್ದೇಶಕರು ಪುಸ್ತಕ ತೆರೆದು ನನ್ನ ಸಾಲನ್ನೇ ಓದಿದರು. "ನೀನೇ ಬರ್ದಿದ್ದೀಯಲ್ಲ. ಆ ಗುರುತನ್ನ ಬೇರೆ ಕೈಗೆ ಬರೆದ್ರೆ ಬಿಸಿನೀರಲ್ಲಿ ಮೇಕಪ್ ನಿಲ್ಲುತ್ತಾ? ನಾಳೆ ಜನರೇಟರ್ ರಿಪೇರಿ. ಸೋಮವಾರ ಒಂದಿನ ಅಷ್ಟೆ."

ಒಂದು ದಿನ ತಡವಾಗುತ್ತದೆ ಎಂದು ಎಡಿಟರ್‌ಗೆ ಮೆಸೇಜ್ ಕಳಿಸಿದೆ. ಉತ್ತರವಿಲ್ಲ. ಭಾನುವಾರ ಗಾಯಕ್ಕೆ ಮುಲಾಮು ಹಚ್ಚಲಿಲ್ಲ. ಅದು ವಾಸಿಯಾಗಬಾರದಿತ್ತು.

ಸೋಮವಾರ, ಮೂರನೇ ಶಾಟ್‌ನ ನಡುವೆ ಫೋನ್ ಬಂತು.

"ಸೌಂಡ್ ತಗೋತಿಲ್ಲ, ಮಾತಾಡು. ಕೈ ಮಾತ್ರ ನಿಲ್ಲಿಸ್ಬೇಡ," ಎಂದರು ನಿರ್ದೇಶಕರು.

ಒಡತಿ ಫ್ರೇಮಿನಾಚೆ ಕೂತು ಫೋನನ್ನು ನನ್ನ ಕಿವಿಗೆ ಹಿಡಿದರು. ಬೇರೆ ಹುಡುಗಿ ಬೆಳಿಗ್ಗೆಯೇ ಬಂದು ಸೇರಿದಳು ಎಂದರು ಎಡಿಟರ್, ಸಿಟ್ಟೇನೂ ಇಲ್ಲದೆ. ಸರಿ ಸರ್ ಎಂದೆ.

"ಎಳೆ ಕಿತ್ತೋಯ್ತು ಮಗಾ," ಎಂದರು ಒಡತಿ.

ಇನ್ನೊಂದು ಟೇಕ್ ಎಂದರು ನಿರ್ದೇಶಕರು. ಪುಸ್ತಕದಲ್ಲಿ ಟೇಕ್ ನಂಬರ್ ಬರೆದುಕೊಳ್ಳಲು ಕೈ ಒರೆಸಿಕೊಂಡು ಎದ್ದೆ.