ಚಿಕ್ಕವ್ವನ ಗಾಜಿನ ಬೋಗುಣಿ

ಆಗೆಲ್ಲ ಆಂಧ್ರದ ನಮ್ಮ ಆದೋನಿಯಲ್ಲಿ ಕೇಕ್ ಅಂದರೆ ನನಗೆ ಬೇಕರಿಯ ಕಪಾಟಿನಲ್ಲಿ ನೋಡಿ ಬರುವ ವಸ್ತು. ನಮ್ಮದು ಹತ್ತಿ ವ್ಯಾಪಾರದ ಮನೆ, ಲಿಂಗ ಕಟ್ಟಿದವರು. ಮೊಟ್ಟೆ ಹಾಕಿದ್ದು ಹೊಸ್ತಿಲು ದಾಟುವಂತಿರಲಿಲ್ಲ. ಗೆಳತಿಯರು ಹುಟ್ಟುಹಬ್ಬಕ್ಕೆ ಕೇಕ್ ಕತ್ತರಿಸಿದರೆ ನನಗೆ ಶಾವಿಗೆ ಪಾಯಸ. ಆ ವರ್ಷ ಅತ್ತು ಕರೆದು ರಂಪ ಮಾಡಿದೆ.

ಬಳ್ಳಾರಿಯಿಂದ ಹೊಸದಾಗಿ ಸೊಸೆಯಾಗಿ ಬಂದಿದ್ದ ಚಿಕ್ಕವ್ವ, "ಮೊಟ್ಟಿ ಇಲ್ದಂಗ ನಾ ಮಾಡ್ತೀನಿ" ಅಂದಳು.

ಅಜ್ಜಿ ಸಿಡುಕಿದಳು. "ಮೈ ಅರಿಷಿಣ ಇನ್ನಾ ಆರಿಲ್ಲ, ನಮ್ಮ ಒಲಿ ಮ್ಯಾಲ ಕೇಕ್ ಬೇಯಿಸ್ತಾಳಂತ. ಮೊಟ್ಟಿ ಮುಟ್ಟಿದ ಪಾತ್ರಿ ಒಳಗ ಬಂದ್ರ ಈ ಮನ್ಯಾಗ ನಾ ನೀರೂ ಕುಡಿಯಂಗಿಲ್ಲ."

"ನನ್ನ ತವರುಮನಿ ಗಾಜಿನ ಬೋಗುಣಿ ಐತ್ರಿ ಅತ್ತಿ, ಹೊಸಾದು. ನೀವ ಕುಂತು ನೋಡ್ರಿ."

ಅಜ್ಜಿ ನಿಜವಾಗಿಯೂ ಮಣೆ ಹಾಕಿಕೊಂಡು ಕೂತಳು. ಮೈದಾ, ಸಕ್ಕರೆ, ತುಪ್ಪ, ಗಟ್ಟಿ ಮೊಸರು, ಚಿಟಿಕೆ ಸೋಡಾ, ಎಲ್ಲವನ್ನೂ ಮೂಸಿ ನೋಡಿಯೇ ಹಾಕಲು ಬಿಟ್ಟಳು. ಓವನ್ ಎಲ್ಲಿಯದು? ದಪ್ಪ ತಳದ ಪಾತ್ರೆಯಲ್ಲಿ ಮರಳು ಕಾಯಿಸಿ, ಅದರಲ್ಲಿ ಬೋಗುಣಿ ಇಟ್ಟು ಮುಚ್ಚಿದ್ದು. ಏಲಕ್ಕಿ ವಾಸನೆ ಪಡಸಾಲೆಯವರೆಗೂ ಬಂತು. ಚಿಕ್ಕವ್ವ ಹೊರತೆಗೆದಾಗ ಗಾಜಿನೊಳಗೆ ಸುತ್ತಲೂ ಹೊಂಬಣ್ಣ. ಅದನ್ನು ಅಜ್ಜಿಯ ಮುಂದಿಟ್ಟಳು. ಅಜ್ಜಿ ಬೇಡ ಅಂದರೆ ಅವಳಿಗೆ ಆ ಅಡುಗೆಮನೆಯಲ್ಲಿ ಮತ್ತೆ ಏನನ್ನೂ ಕೇಳುವ ಧೈರ್ಯ ಇರುತ್ತಿರಲಿಲ್ಲ.

ಅಜ್ಜಿ ಬಾಗಿ ನಾಲ್ಕೂ ಕಡೆಯಿಂದ ನೋಡಿದಳು. ಬೋಗುಣಿಯನ್ನು ಬಟ್ಟೆಯಲ್ಲಿ ಹಿಡಿದು ದೇವರ ಮನೆಗೆ ಒಯ್ದಳು. ಹೊಸ ಅಡುಗೆ ಮೊದಲು ದೇವರಿಗೆ ಎಡೆಯಾಗಬೇಕು. ಎಡೆ ಅಂದಮೇಲೆ ಸುತ್ತಲೂ ನೀರು ಬಿಡಬೇಕು. ತಂಬಿಗೆಯ ತಣ್ಣೀರು ಬಿಸಿ ಗಾಜಿಗೆ ತಾಗಿದ್ದೇ ತಡ, ಬೋಗುಣಿ ಠಣ್ಣೆಂದು ಸೀಳಿ, ಚೂರುಗಳು ಕೇಕಿನ ಮೇಲೆಲ್ಲ ಬಿದ್ದವು.

ಚಿಕ್ಕವ್ವನ ಕಣ್ಣು ತುಂಬಿತು. ನಾನಂತೂ ಗೊಳೋ ಅಂದೆ.

ಅಜ್ಜಿ ಚೂರುಗಳನ್ನು ಬಟ್ಟೆಗೆ ಬಳಿದುಕೊಳ್ಳುತ್ತಾ ಅಂದಳು: "ಪರವಾಲೇದು, ಅಳಬ್ಯಾಡವ್ವ. ಇದು ದೇವ್ರ ಪಾಲು. ನಾಳಿ ನಮಗ ಮಾಡು, ಬೋಗುಣಿ ನಾ ತರ್ತೀನಿ."

ಬಜಾರಿಗೆ ಎಂದೂ ಹೋಗದ ಅಜ್ಜಿ ಮರುದಿನ ನನ್ನ ಕೈ ಹಿಡಿದು ಪಾತ್ರೆ ಅಂಗಡಿಗೆ ನಡೆದಳು. ಅಂಗಡಿಯವನು ಕೇಳದೇ ಇದ್ದರೂ, "ಮಾ ಕೋಡಲು ಕೇಕ್ ಚೇಸ್ತುಂದಿ" ಎಂದು ತೆಲುಗಿನಲ್ಲಿ ಸೊಸೆಯನ್ನು ಹೊಗಳಿದಳು. ದಾರಿಯಲ್ಲಿ ಸಿಕ್ಕವರಿಗೆಲ್ಲ ಅದೇ ಮಾತು. ನನಗೆ ಹೆಮ್ಮೆಯಿಂದ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಆ ಸಂಜೆ ಹೊಸ ಬೋಗುಣಿಯಲ್ಲಿ ಬೆಂದ ಕೇಕನ್ನು ಹೊಟ್ಟೆ ತುಂಬ ತಿಂದೆ.

ಈಗ ಮೊಟ್ಟೆಯಿಲ್ಲದ ಕೇಕ್ ಫೋನ್ ಮಾಡಿದರೆ ಬಾಗಿಲಿಗೇ ಬರುತ್ತದೆ. ನನ್ನ ಮಕ್ಕಳು ಡಬ್ಬಿ ಬಿಚ್ಚಿದ ಕೂಡಲೇ ಬಾಯಿಗಿಡುತ್ತಾರೆ. ಅಜ್ಜಿ ಇಲ್ಲ, ಬೇಡ ಅನ್ನುವವರೂ ಇಲ್ಲ. ಬೇಡ ಅಂದವಳೇ ಊರೆಲ್ಲ ಹೊಗಳಿಕೊಂಡು ಬರುವಂಥ ಕೇಕನ್ನು ಮಾತ್ರ ನಾನು ಮತ್ತೆ ತಿಂದಿಲ್ಲ.